ಹಳದಿ ಗೆರೆಯಾಚೆಯ ಬೆಂಚು

ನಾನು ಹೋಗಿಬಂದ ದೇಶದ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಪ್ರವಾಸದ ಕತೆ ಹೇಳಲು ಕೂತವನು ಊರಿನ ಹೆಸರನ್ನೇ ನುಂಗಿಕೊಂಡರೆ ಓದುವವರಿಗೆ ಸಿಟ್ಟು ಬರುತ್ತದೆ, ಗೊತ್ತು. ಆದರೆ ಹೆಸರು ಹೇಳಿದರೆ ನೀವು ಆ ದೇಶವನ್ನು ನಾಲ್ಕು ಮಾತು ಬೈದು ಸುಮ್ಮನಾಗುತ್ತೀರಿ. ಬೈಸಿಕೊಳ್ಳಬೇಕಾದವನು ಇಲ್ಲೇ ಶಿರಸಿಯಲ್ಲಿ, ಐದು ರಸ್ತೆ ಕೂಡುವಲ್ಲಿ ಚಾ ಕುಡಿಯುತ್ತಾ ಇದ್ದಾನೆ. ಯುರೋಪಿನ ಕಡಲ ದಂಡೆಯ ಊರು, ಏರು ಇಳಿಜಾರಿನ ಬೀದಿಗಳು, ಒಣಮೀನಿನ ವಾಸನೆ ಹೊಡೆಯುವ ಅಂಗಡಿಸಾಲು. ಊರಿನ ಗುರುತಿಗೆ ಇಷ್ಟು ಸಾಕು.

ಯಲ್ಲಾಪುರ ಬಸ್ ನಿಲ್ದಾಣ

ನನ್ನ ಹೊಟ್ಟೆಪಾಡು ಮದುವೆ, ಉಪನಯನಗಳ ವಿಡಿಯೋ ತೆಗೆಯುವುದು. ಹುಲೇಕಲ್ಲಿನಿಂದ ಸಿದ್ದಾಪುರದ ತನಕ ನನ್ನ ಕ್ಯಾಮೆರಾ ನೋಡದ ಛತ್ರವಿಲ್ಲ. ಹಂಗಾಮು ಮುಗಿದ ಮೇಲೆ ಸಾಕ್ಷ್ಯಚಿತ್ರ ತೆಗೆಯುವ ಹುಚ್ಚು. ಎರಡು ಕೆಲಸಕ್ಕೂ ನಿಯಮ ಒಂದೇ, ಕ್ಯಾಮೆರಾದವನು ಚಿತ್ರದೊಳಗೆ ಬರಬಾರದು. ಮದುಮಗಳ ಅಪ್ಪ ಮೂಲೆಯಲ್ಲಿ ನಿಂತು ಕಣ್ಣೊರೆಸಿಕೊಳ್ಳುತ್ತಿದ್ದರೆ ನಾನು ಅವರ ಹತ್ತಿರ ಹೋಗುವುದು ಸಮಾಧಾನ ಹೇಳಲಿಕ್ಕಲ್ಲ, ಕ್ಲೋಸಪ್ಪಿಗೆ. ಇದನ್ನು ನಾನು ಬಹಳ ವರ್ಷ ಹೆಮ್ಮೆಯಿಂದಲೇ ಹೇಳಿಕೊಂಡು ತಿರುಗಿದ್ದೇನೆ.

ಸರೋಜಾ ಯಲ್ಲಾಪುರ–ಶಿರಸಿ ಬಸ್ಸಿನ ಕಂಡಕ್ಟರು. ಸಿದ್ದಿ ಜನಾಂಗದವರು. ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬೇರೆ ಜಿಲ್ಲೆಯವರಿಗಾಗಿ ಒಂದು ಮಾತು: ಎಷ್ಟೋ ತಲೆಮಾರಿನ ಹಿಂದೆ ಆಫ್ರಿಕದಿಂದ ಬಂದು, ಬಂದರು ಅನ್ನುವುದಕ್ಕಿಂತ ತರಲ್ಪಟ್ಟು, ಯಲ್ಲಾಪುರ, ಹಳಿಯಾಳದ ಕಾಡಿನ ನಡುವೆ ನೆಲೆ ನಿಂತವರ ಮೊಮ್ಮಕ್ಕಳ ಮೊಮ್ಮಕ್ಕಳು. ಬಣ್ಣ, ಕೂದಲು ಅಲ್ಲಿಯದು. ಮಾತು, ಊಟ, ಜಗಳ ಎಲ್ಲಾ ನಮ್ಮದೇ.

ನನ್ನ ಚಿತ್ರದ ವಿಷಯ ಸರೋಜಾ ಅಲ್ಲ, ಅವರನ್ನು ನೋಡುವ ಮುಖಗಳು. ಬೇರೆ ಊರಿಂದ ಜಲಪಾತ ನೋಡಲು ಬಂದವರು ಬಸ್ಸು ಹತ್ತುತ್ತಾರೆ, ಖಾಕಿ ಅಂಗಿಯ ಈ ಹೆಂಗಸನ್ನು ಕಂಡು ಗಲಿಬಿಲಿಯಾಗಿ ನೀವು ಯಾವ ದೇಶದವರೆಂದು ಇಂಗ್ಲಿಷಿನಲ್ಲಿ ಕೇಳುತ್ತಾರೆ. ಸರೋಜಾ ಟಿಕೆಟ್ ಮಿಷನ್ನಿನಿಂದ ಕಣ್ಣೆತ್ತದೆ, "ಮಂಚಿಕೇರಿ ಹತ್ರ ನಮ್ದು. ನೀವು ಎಲ್ಲಿ ಇಳೀತ್ರಿ?" ಅನ್ನುತ್ತಾರೆ. ಆ ಗಳಿಗೆಯಲ್ಲಿ ಕೇಳಿದವರ ಮುಖದಲ್ಲಿ ಏನೇನಾಗುತ್ತದೋ ಅದನ್ನು ಹಿಡಿಯಲು ಡ್ರೈವರನ ಹಿಂದಿನ ಸರಳಿಗೆ ಕ್ಯಾಮೆರಾ ಕಟ್ಟಿ, ಒಂದು ವರ್ಷ ಬಿಡುವಿದ್ದ ದಿನವೆಲ್ಲ ಆ ಬಸ್ಸಿನಲ್ಲೇ ಕಳೆದೆ.

ಒಪ್ಪುವುದಕ್ಕೆ ಮೊದಲು ಸರೋಜಾ ಒಂದೇ ಕರಾರು ಹಾಕಿದ್ದರು. ಕ್ಯಾಮೆರಾ ಹಿಡಿದು ಬಂದವರೆಲ್ಲ ಸಿದ್ದಿಗಳ ಕೈಗೆ ಢಮಾಮಿ ಡೋಲು ಕೊಟ್ಟು ಕುಣಿಯಿರಿ ಅನ್ನುತ್ತಾರೆ. "ನಂಗೆ ಕುಣಿಯೂಕೆ ಬರೂದಿಲ್ಲ, ಕುಣಿಸಬಾರ್ದು," ಅಂದರು. ನಾನು ಕುಣಿಸುವುದಿಲ್ಲವೆಂದು ಮಾತು ಕೊಟ್ಟೆ. ನಮ್ಮ ಮನೆಯ ಹಿರಿಯರು ಸಿದ್ದಿಗಳನ್ನು ಏಕವಚನದಲ್ಲಿ ಕರೆದು ಅಂಗಳದಲ್ಲೇ ನಿಲ್ಲಿಸಿ ಕಳಿಸಿದವರು. ನಾನು 'ನೀವು' ಅನ್ನುತ್ತಿದ್ದೆ, ಒಳಗೆ ಕರೆದು ಜಗಲಿಯಲ್ಲಿ ಕೂರಿಸಿ ಚಾ ಕೊಡುತ್ತಿದ್ದೆ. ಅಷ್ಟಕ್ಕೇ ನನ್ನ ಬೆನ್ನನ್ನು ನಾನೇ ತಟ್ಟಿಕೊಂಡಿದ್ದೆ.

ಚಿತ್ರದಲ್ಲಿ ಎಲ್ಲರೂ ಮೆಚ್ಚುವ ಒಂದು ದೃಶ್ಯವಿದೆ. ಅರಣ್ಯ ತಪಾಸಣೆ ಗೇಟಿನಲ್ಲಿ ಬಸ್ಸು ನಿಂತಿದೆ. ಗಂಟು ಹೊತ್ತ ಪರಊರಿನ ಮುದುಕನೊಬ್ಬನನ್ನು ಗಾರ್ಡು ಕೆಳಗಿಳಿಸಿ ನೀನು ಯಾರು, ಎಲ್ಲಿಯವನು ಎಂದು ಗದರುತ್ತಿದ್ದಾನೆ. ಮುದುಕನಿಗೆ ಕನ್ನಡ ಬಾರದು. ಸರೋಜಾ ಬಾಗಿಲಲ್ಲಿ ಕಾಣಿಸಿಕೊಂಡು, "ನಮ್ಮವ್ರು, ಬಿಡ್ರಿ," ಅನ್ನುತ್ತಾರೆ. ಗಾರ್ಡು ಬಿಡುತ್ತಾನೆ. ನಮ್ಮ ಕಡೆ ಕಚೇರಿಯಿರಲಿ, ಗೇಟಿರಲಿ, ಯಾರಾದರೂ ಒಬ್ಬರು ಹೀಗಂದರೆ ಕೆಲಸ ಆಗುತ್ತದೆ. ಆಮೇಲೆ ನಾನು ಆ ಮುದುಕ ನಿಮಗೆ ಪರಿಚಯವೇ ಎಂದು ಕೇಳಿದಾಗ ಸರೋಜಾ ನನ್ನನ್ನು ವಿಚಿತ್ರವಾಗಿ ನೋಡಿದರು. "ನನ್ನ ಬಸ್ಸು ಹತ್ತಿದ ಮೇಲೆ ನಮ್ಮವ್ರೇ ಅಲ್ಲೇನ್ರಿ?"

ಈ ಚಿತ್ರಕ್ಕೆ ಆ ದೇಶದ ಚಿತ್ರೋತ್ಸವದಿಂದ ಕರೆ ಬಂತು, ನಿರ್ದೇಶಕನಿಗೂ ಕಂಡಕ್ಟರಿಗೂ ಟಿಕೆಟು. ಸರೋಜಾ ರಜೆ ಹಾಕಿದರು. ಹೊರಡುವ ದಿನ ಯಲ್ಲಾಪುರದ ನಿಲ್ದಾಣದಲ್ಲಿ ಡಿಪೋದವರೆಲ್ಲ ಸೇರಿ ಅವರಿಗೆ ಹೂವಿನ ಹಾರ ಹಾಕಿದರು. ಅವರ ತಾಯಿ ನನ್ನ ಕೈ ಹಿಡಿದು, ಇವಳು ಊರು ಬಿಟ್ಟು ಹೋದವಳಲ್ಲ, ನಿಮ್ಮ ಮೇಲೆ ಭಾರ ಹಾಕಿ ಕಳಿಸುತ್ತಿದ್ದೇನೆ ಅಂದರು. ನಾನು ಚಿಂತೆ ಮಾಡಬೇಡಿ ಅಂದೆ. ಎಷ್ಟು ಸಲೀಸಾಗಿ ಅಂದೆ ಎಂದು ಈಗ ನೆನೆದರೆ ಮೈಯೆಲ್ಲ ಮುದುಡುತ್ತದೆ.

ಮೋಡದ ಮೇಲೆ

ವಿಮಾನದಲ್ಲಿ ಸರೋಜಾ ಕಿಟಕಿ ಸೀಟು ಬೇಡವೆಂದರು, ನಡುದಾರಿಯ ಪಕ್ಕ ಕೂತರೆ ಎಲ್ಲರೂ ಕಾಣುತ್ತಾರಂತೆ. ಒಂದು ನಿದ್ದೆ ತೆಗೆದು ಎದ್ದು, ಎಲ್ಲರೂ ಮಲಗಿರುವಾಗ ಇವರು ಇಳಿಯುವ ಊರು ದಾಟಿದರೆ ಏನು ಗತಿ ಎಂದು ನಕ್ಕರು. ಗಗನಸಖಿ ಊಟ ಬೇಕೇ ಎಂದು ಕೇಳಿದಾಗ ನಾನು ನಮ್ಮ ಮನೆಯ ಅಭ್ಯಾಸದಂತೆ ಮೊದಲು ಬೇಡವೆಂದೆ. ನಮ್ಮಲ್ಲಿ ಮೊದಲ ಸಲ ಬೇಡ ಅನ್ನುವುದು ಮರ್ಯಾದೆ, ಎರಡನೇ ಸಲ ಒತ್ತಾಯ ಮಾಡುವುದು ಅವರ ಮರ್ಯಾದೆ. ಆಕೆ ಬಂಡಿ ತಳ್ಳಿಕೊಂಡು ಮುಂದೆ ಹೋಗಿಬಿಟ್ಟಳು. ಸರೋಜಾ ತಮ್ಮ ತಟ್ಟೆಯಿಂದ ಅರ್ಧ ಅನ್ನ ನನ್ನ ಕಡೆ ತಳ್ಳಿ, "ಹೆಗಡೇರೆ, ಹಸಿವಾದ್ರೆ ಹೂಂ ಅನ್ಬೇಕು," ಅಂದರು.

ಅವರೇನೂ ದೇವತೆಯಲ್ಲ, ಅದನ್ನೂ ಹೇಳಬೇಕು. ನಡುವೆ ವಿಮಾನ ಬದಲಿಸುವಲ್ಲಿ ಪೂರ್ವದ ಕಡೆಯ ಪ್ರವಾಸಿಗರ ಗುಂಪನ್ನು ಕಂಡು, ಇವರೆಲ್ಲ ಒಂದೇ ಅಚ್ಚಿನಲ್ಲಿ ತೆಗೆದ ಹಾಗಿದ್ದಾರೆ, ಗಂಡ ಹೆಂಡತಿ ಅದಲುಬದಲಾದರೂ ಗೊತ್ತಾಗಲಿಕ್ಕಿಲ್ಲ ಎಂದು ಕಿಸಕ್ಕನೆ ನಕ್ಕಿದ್ದರು. ನಾನು ಅದನ್ನೂ ರೆಕಾರ್ಡು ಮಾಡಿಕೊಂಡೆ. ಯಾಕೆಂದರೆ ಹೊರಡುವಾಗಲೇ ಅವರ ಕುಪ್ಪಸದ ಅಂಚಿಗೆ ಗುಂಡಿಯಷ್ಟು ಸಣ್ಣ ಮೈಕು ಸಿಕ್ಕಿಸಿದ್ದೆ. ಮೊದಲ ವಿದೇಶಯಾತ್ರೆಯ ಸದ್ದುಗಳು ಯಾವಾಗಲಾದರೂ ಬೇಕಾದಾವು ಎಂಬ ಆಸೆ. ಆ ಮೈಕಿನ ಮಾತು ತಂತಿಯಿಲ್ಲದೆ ನನ್ನ ಹೆಗಲುಚೀಲದ ಯಂತ್ರಕ್ಕೆ ಬಂದು ಬೀಳುತ್ತದೆ, ಹೆಡ್‌ಫೋನು ಹಾಕಿಕೊಂಡರೆ ದೂರದಿಂದಲೂ ಕೇಳುತ್ತದೆ. ಮೈಕು ಇರುವುದು ಅವರಿಗೆ ಗೊತ್ತಿತ್ತು. ಬಸ್ಸಿನಲ್ಲಿ ವರ್ಷವಿಡೀ ಹಾಕಿಕೊಂಡು ಹಾಕಿಕೊಂಡು ಅದರ ನೆನಪೇ ಅವರಿಗೆ ಇರುತ್ತಿರಲಿಲ್ಲ.

ಹಳದಿ ಗೆರೆ

ಆ ದೇಶದ ವಿಮಾನ ನಿಲ್ದಾಣದಲ್ಲಿ ಪಾಸ್‌ಪೋರ್ಟು ನೋಡುವ ಕೌಂಟರಿನ ಮುಂದೆ ನೆಲದ ಮೇಲೆ ಒಂದು ಹಳದಿ ಗೆರೆ. ಕರೆಯುವ ತನಕ ಅದನ್ನು ದಾಟುವಂತಿಲ್ಲ. ಅಲ್ಲಿಯ ಜನ ಸಾಲಿನಲ್ಲೂ ಒಬ್ಬರಿಂದೊಬ್ಬರು ಒಂದು ಕೈ ದೂರ ನಿಲ್ಲುತ್ತಾರೆ. ನಾನು ಮುಂದಿನವರ ಬೆನ್ನಿಗೆ ಅಂಟಿಕೊಂಡು ನಿಂತಾಗ ಅವರು ತಿರುಗಿ ಗುರಾಯಿಸಿದರು. ನನ್ನನ್ನು ಬೇಗ ಬಿಟ್ಟರು. ಗಾಜಿನ ಗೋಡೆಯ ಆಚೆ ಒಂದು ಬೆಂಚಿತ್ತು, ಅಲ್ಲಿ ಕಾಯುತ್ತೇನೆಂದು ಸರೋಜಾ ಅವರಿಗೆ ಕೈಸನ್ನೆ ಮಾಡಿ ಹೋಗಿ ಕೂತೆ.

ಅವರ ಸರದಿ ಬಂತು. ಅಧಿಕಾರಿ ಪಾಸ್‌ಪೋರ್ಟು ನೋಡಿದ, ಮುಖ ನೋಡಿದ, ಮತ್ತೆ ಪಾಸ್‌ಪೋರ್ಟು ನೋಡಿದ. ಫೋಟೋದ ಪುಟವನ್ನು ಉಗುರಿನಿಂದ ಕೆರೆದ. ಆಮೇಲೆ ಅವರನ್ನು ಸಾಲಿನಿಂದ ಆಚೆ ನಿಲ್ಲಿಸಿದ. ಆಗಲೇ ನಾನು ಎದ್ದು ಹೋಗಬೇಕಿತ್ತು. ಎದ್ದೆ ಕೂಡ. ಎದ್ದವನಿಗೆ ಮೈಕಿನ ನೆನಪಾಯಿತು. ಚೀಲದಿಂದ ಹೆಡ್‌ಫೋನು ತೆಗೆದು ಕಿವಿಗೆ ಹಾಕಿಕೊಂಡು ಮತ್ತೆ ಕೂತೆ.

ಸದ್ದು ಪಕ್ಕದಲ್ಲೇ ನಿಂತು ಕೇಳಿದಷ್ಟು ಸ್ಪಷ್ಟವಾಗಿತ್ತು. ನೀನು ಇಂಡಿಯಾದವಳೆಂದು ಈ ಪುಸ್ತಕ ಹೇಳುತ್ತದೆ, ನಿಜವಾಗಿ ಎಲ್ಲಿಯವಳು ಎಂದು ಅಧಿಕಾರಿ ಕೇಳುತ್ತಿದ್ದ. ಸರೋಜಾ ಯಲ್ಲಾಪುರ ಅಂದರು, ಕರ್ನಾಟಕ ಅಂದರು, ಇಂಡಿಯಾ ಅಂದರು. ಇಂಡಿಯಾದಲ್ಲಿ ನಿನ್ನಂಥವರಿಲ್ಲ ಎಂದು ಅವನು ಹೇಳಿದ. ಒಳಗಿನಿಂದ ಆಫ್ರಿಕ ಮೂಲದ ಇನ್ನೊಬ್ಬ ನೌಕರನನ್ನು ಕರೆಸಿದರು. ಅವನು ಬಂದು ಯಾವುದೋ ಭಾಷೆಯಲ್ಲಿ, ಆಮೇಲೆ ಇನ್ನೊಂದು ಭಾಷೆಯಲ್ಲಿ, ಮೆತ್ತಗೆ ಮಾತಾಡಿಸಿದ. ಸರೋಜಾ ಅವರಿಗೆ ಒಂದೂ ತಿಳಿಯಲಿಲ್ಲ. ತಿಳಿಯದಿದ್ದುದು ಅಧಿಕಾರಿಯ ಅನುಮಾನವನ್ನು ಇನ್ನೂ ಗಟ್ಟಿ ಮಾಡಿತು.

ಆಗ ಸರೋಜಾ ಮಾಡಿದ್ದು ನೋಡಿ. ತನ್ನ ಊರಿದೆ ಎಂದು ತೋರಿಸಲು ಬೇರೆ ದಾರಿ ಕಾಣದೆ, ಬಸ್ಸಿನ ಬಾಗಿಲಲ್ಲಿ ನಿಂತು ಕೂಗುವ ಹಾಗೆ ನಿಲುಗಡೆಗಳನ್ನು ಹೇಳತೊಡಗಿದರು. "ಯಲ್ಲಾಪುರ, ಉಪಳೇಶ್ವರ, ಮಂಚಿಕೇರಿ, ಸೋಂದಾ ಕ್ರಾಸ್, ಭೈರುಂಬೆ, ಶಿರಸಿ." ಮುಗಿದ ಮೇಲೆ ಮತ್ತೆ ಮೊದಲಿನಿಂದ. ಎರಡನೇ ಸಲಕ್ಕೆ ದನಿ ಸ್ವಲ್ಪ ನಡುಗಿತು. ಒಂದು ವರ್ಷ ಬಸ್ಸಿನಲ್ಲಿ ಕೂತರೂ ಸಿಗದಿದ್ದುದು ಇಲ್ಲಿ ಸಿಕ್ಕಿತಲ್ಲ, ನನ್ನ ಚಿತ್ರಕ್ಕೆ ಕೊನೆ ಅಂದರೆ ಇದೇ ಅನ್ನಿಸಿತು. ಈಗ ಎದ್ದು ಹೋದರೆ ನನ್ನ ದನಿ ನಡುವೆ ಬಂದು ರೆಕಾರ್ಡಿಂಗು ಕೆಡುತ್ತದೆ ಎಂದೂ ಅನ್ನಿಸಿತು. ಹೀಗೆಯೇ ಅನ್ನಿಸಿತು, ಇದಕ್ಕಿಂತ ಒಳ್ಳೆಯ ಕಾರಣ ನನ್ನ ಹತ್ತಿರ ಇರಲಿಲ್ಲ.

ಆಮೇಲೆ ಅವರು ಗಾಜಿನ ಕಡೆ ತಿರುಗಿ, ದೀಪದ ಹೊಳಪಿಗೆ ಆ ಕಡೆಯಿಂದ ನಾನು ಕಾಣದಿದ್ದರೂ, ಬೆಂಚಿನ ದಿಕ್ಕಿಗೆ ಕೈ ತೋರಿಸಿದರು.

"ಅಲ್ಲಿ ಕೂತಿದ್ದಾರಲ್ಲ, ಅವ್ರು ನಮ್ಮವ್ರು. ಅವ್ರನ್ನ ಕೇಳ್ರಿ."

ಕನ್ನಡದಲ್ಲಿ ಹೇಳಿದರು. ಅಷ್ಟು ದೊಡ್ಡ ನಿಲ್ದಾಣದಲ್ಲಿ ಆ ಮಾತು ಅರ್ಥವಾದದ್ದು ನನಗೊಬ್ಬನಿಗೇ. ನಾನು ಏಳಲಿಲ್ಲ. ಹಿರಿಯ ಅಧಿಕಾರಿಯೊಬ್ಬಳು ಬಂದು, ಚಿತ್ರೋತ್ಸವದ ಕಾಗದ ನೋಡಿ, ಕ್ಷಮೆ ಕೇಳಿ, ಮುದ್ರೆ ಒತ್ತಿ ಕಳಿಸುವ ತನಕ ಏಳಲಿಲ್ಲ. ಅವರು ಹೊರಗೆ ಬರುವುದು ಕಂಡಾಗ ಹೆಡ್‌ಫೋನನ್ನು ಚೀಲಕ್ಕೆ ತುರುಕಿ ಸಾಮಾನು ಬರುವ ಪಟ್ಟಿಯ ಕಡೆಯಿಂದ ಓಡಿ ಬಂದವನಂತೆ ಬಂದೆ. ಅಯ್ಯೋ, ನಾನು ಬ್ಯಾಗು ತರಲು ಹೋಗಿದ್ದೆ, ಏನಾಯಿತು ಅಂದೆ.

"ಏನಿಲ್ರಿ, ಚೆಕಿಂಗು," ಅಂದರು. ನೀರು ಕೇಳಿದರು.

ತಿಂಡಿ ಮೇಜು

ಮರುದಿನ ಬೆಳಿಗ್ಗೆ ಹೋಟೆಲಿನಲ್ಲಿ ಉತ್ಸವದ ಮುಖ್ಯಸ್ಥೆ ಮಾರ್ತಾ ಸಿಕ್ಕಿದಳು. ಬೆಳ್ಳಿಕೂದಲಿನ, ಮೆಲುಮಾತಿನ ಹೆಂಗಸು. ಸರೋಜಾ ಇನ್ನೂ ಕೋಣೆಯಲ್ಲೇ ಇದ್ದರು. ಅಲ್ಲಿಯವರು ತಿಂಡಿ ತಿನ್ನುವಾಗ ಮಾತಾಡುವುದಿಲ್ಲ, ಕಾಫಿಗೆ ಬಂದ ಮೇಲೆ ಶುರು ಮಾಡುತ್ತಾರೆ. ಕಾಫಿ ಬಂದ ಕೂಡಲೇ ನಾನು ತಡೆಯಲಾರದೆ ಹೆಡ್‌ಫೋನನ್ನು ಅವಳ ಕಡೆ ನೀಡಿದೆ. ಮೊಮ್ಮಗುವಿನ ಫೋಟೋ ತೋರಿಸುವ ಅಜ್ಜನ ಉತ್ಸಾಹ ನನಗೆ. ಅವಳು ಕಣ್ಣು ಮುಚ್ಚಿ ಕೇಳಿದಳು, ಕನ್ನಡದ ಮಾತು ಬಂದಲ್ಲಿ ನಾನು ಅರ್ಥ ಹೇಳಿದೆ. ಕೊನೆಗೆ ಕಣ್ಣೊರೆಸಿಕೊಂಡು, ಚಿತ್ರ ಮುಗಿದ ಮೇಲೆ ಪರದೆಯನ್ನು ಕಪ್ಪಾಗಿಯೇ ಬಿಟ್ಟು ಈ ಸದ್ದನ್ನು ಮಾತ್ರ ಕೇಳಿಸೋಣ, ಅಡಿಯಲ್ಲಿ ಅನುವಾದ ಹಾಕೋಣ ಅಂದಳು. ಸರೋಜಾ ಒಪ್ಪಿದ್ದಾರೆ ತಾನೇ ಎಂದೂ ಕೇಳಿದಳು. ನಾನು ಹೂಂ ಅಂದೆ. ಹಸಿವಾದರೆ ಬೇಡ ಅನ್ನುವ ಬಾಯಿಗೆ ಇದಕ್ಕೆ ಹೂಂ ಅನ್ನಲು ತಡವಾಗಲಿಲ್ಲ.

ಶಿರಸಿಯಿಂದ ಹೆಂಡತಿಯ ಫೋನು ಬಂತು. ಸರೋಜಾ ಅವರನ್ನು ತಡೆದು ನಿಲ್ಲಿಸಿದ ಕತೆಯನ್ನು ರಸವತ್ತಾಗಿ ಹೇಳಿದೆ, ನಿಲುಗಡೆಗಳನ್ನು ಕೂಗಿದ್ದನ್ನೂ ಹೇಳಿದೆ. ಅವಳು ಪೂರ್ತಿ ಕೇಳಿಸಿಕೊಂಡು, "ನಿಂಗ ಎಲ್ಲಿದ್ದಿದ್ರಿ ಹಂಗಾರೆ?" ಅಂದಳು. ಇಲ್ಲಿ ಮಾತು ಸರಿಯಾಗಿ ಕೇಳುತ್ತಿಲ್ಲ, ಆಮೇಲೆ ಮಾಡುತ್ತೇನೆ ಎಂದು ಫೋನು ಇಟ್ಟೆ. ಆಮೇಲೆ ಮಾಡಲಿಲ್ಲ.

ಒಣಮೀನಿನ ಬೀದಿ

ಆ ಊರಿನಲ್ಲಿ ಆಫ್ರಿಕ ಮೂಲದವರು ಬೇಕಾದಷ್ಟು. ಬೀದಿಗೆ ಇಳಿದ ಕೂಡಲೇ ನಮ್ಮಿಬ್ಬರ ಪಾತ್ರ ತಿರುಗುಮುರುಗಾಯಿತು. ಸರೋಜಾ ಅವರನ್ನು ಯಾರೂ ತಿರುಗಿ ನೋಡಲಿಲ್ಲ. ಮುದುಕಿಯೊಬ್ಬಳು ಅವರ ಹತ್ತಿರ ದಾರಿ ಕೇಳಿದಳು. ಒಣಮೀನಿನ ಅಂಗಡಿಯವನು ಊರವರನ್ನು ಮಾತಾಡಿಸುವ ಹಾಗೆ ಮಾತಾಡಿಸಿ ದೊಡ್ಡದೊಂದು ಮೀನನ್ನು ಮೂಸಲು ಕೊಟ್ಟ. ಸರೋಜಾ ಮೂಸಿ, ಕುಮಟೆಯ ಮೀನಿನಷ್ಟು ಉಪ್ಪು ಹಿಡಿದಿಲ್ಲ ಎಂದು ಕನ್ನಡದಲ್ಲೇ ತಪ್ಪು ತೆಗೆದರು. ಅವನೂ ತನ್ನ ಭಾಷೆಯಲ್ಲಿ ಏನೋ ವಾದಿಸಿದ. ಇಬ್ಬರಿಗೂ ಜಗಳದ ಖುಷಿ ಸಿಕ್ಕಿತು. ನನ್ನನ್ನು ಮಾತ್ರ ಅಂಗಡಿಯ ಕಾವಲಿನವನು ಹಿಂದೆಯೇ ಬಂದು ಕಾಯುತ್ತಿದ್ದ, ಎಲ್ಲಿ ಏನು ಎತ್ತಿ ಚೀಲಕ್ಕೆ ಹಾಕುತ್ತೇನೋ ಎಂದು.

ಇಲ್ಲಿ ಹೇಗನ್ನಿಸುತ್ತದೆ ಎಂದು ಕೇಳಿದೆ. ಯಾರೂ ನೋಡದಿರುವುದು ಒಳ್ಳೆಯದೇ ಅಂದರು. ಸ್ವಲ್ಪ ದೂರ ನಡೆದ ಮೇಲೆ, "ಹತ್ತಿದ್ರೂ ಗೊತ್ತಾಗೂದಿಲ್ಲ, ಇಳಿದ್ರೂ ಗೊತ್ತಾಗೂದಿಲ್ಲ ಅಂತಾದ್ರೆ ಬೇಜಾರೇ ಅಲ್ಲೇನ್ರಿ," ಎಂದು ನಕ್ಕರು. ಎಂಥ ಮಾತು ಎಂದು ಕೈ ತಾನಾಗಿ ರೆಕಾರ್ಡರಿನ ಕಡೆ ಹೋಯಿತು. ಆ ಹೊತ್ತಿಗೆ ನನ್ನ ಕೈಯನ್ನು ಕಂಡೇ ನನಗೆ ಹೇಸಿಗೆ ಶುರುವಾಗಿತ್ತು, ಆದರೆ ಕೈ ನಿಲ್ಲಲಿಲ್ಲ.

ಟ್ರಾಮು

ಗುಡ್ಡ ಹತ್ತುವ ಟ್ರಾಮಿನಲ್ಲಿ ಕಂಡಕ್ಟರಿಲ್ಲ. ಹತ್ತಿದವರು ತಾವೇ ಒಂದು ಕಾರ್ಡನ್ನು ಕಂಬದ ಯಂತ್ರಕ್ಕೆ ಮುಟ್ಟಿಸಿ ಕೂರುತ್ತಾರೆ. ಸರೋಜಾ ಅವರಿಗೆ ಇದು ಒಪ್ಪಿಗೆಯಾಗಲಿಲ್ಲ. ಮುದುಕರು ಹತ್ತಿದರೆ ಕೈ ಹಿಡಿಯುವವರು ಯಾರು, ಮಲಗಿದವರನ್ನು ಎಬ್ಬಿಸುವವರು ಯಾರು ಎಂದು ಗೊಣಗುತ್ತ ಹೋದವರೇ ಬಾಗಿಲ ಪಕ್ಕ, ತಮ್ಮ ಜಾಗದಲ್ಲಿ, ನಿಂತರು. ನಾನು ಕಾರ್ಡು ಮುಟ್ಟಿಸಿದೆ ಎಂದುಕೊಂಡಿದ್ದೆ, ಅದು ತಾಗಿರಲಿಲ್ಲ. ನಡುವೆ ತಪಾಸಣೆಯವರು ಹತ್ತಿದರು. ನನ್ನ ಕಾರ್ಡು ನೋಡಿದವನ ಮುಖ ಬಿಗಿಯಾಯಿತು. ನಾನು ಇಂಗ್ಲಿಷಿನಲ್ಲಿ ತಡವರಿಸಿದಷ್ಟೂ ಅವನು ದನಿ ಏರಿಸಿದ. ಟ್ರಾಮಿನ ಜನ ಕಿಟಕಿಯಾಚೆ ನೋಡತೊಡಗಿದರು. ನನ್ನನ್ನು ಇಳಿಸುವುದೆಂದೇ ನಿರ್ಧಾರವಾದಂತಿತ್ತು.

ಅಷ್ಟರಲ್ಲಿ ಸರೋಜಾ ಜನರನ್ನು ಸರಿಸುತ್ತಾ ಬಂದರು. ತಪಾಸಣೆಯವನು ಅವರನ್ನು ಊರಿನವರೆಂದೇ ತಿಳಿದು ತನ್ನ ಭಾಷೆಯಲ್ಲಿ ದೂರು ಹೇಳಿದ. ಅವರು ಸಮಾಧಾನದಿಂದ ಕೇಳಿ, ಚೀಲದಿಂದ ತಮ್ಮ ಕಂಡಕ್ಟರ್ ಬಿಲ್ಲೆ ತೆಗೆದು ಅವನ ಮುಂದೆ ಹಿಡಿದರು. ಪ್ರದರ್ಶನದ ದಿನ ಖಾಕಿಯಲ್ಲಿ ಬರಬೇಕೆಂದು ಉತ್ಸವದವರು ಕೇಳಿಕೊಂಡಿದ್ದರಿಂದ ಬಿಲ್ಲೆ ಜೊತೆಗಿತ್ತು. ಅದರಲ್ಲಿದ್ದ ಕನ್ನಡ ಅಕ್ಷರ ಅವನಿಗೆ ಓದಲು ಬಾರದು. ಆದರೂ ಬಿಲ್ಲೆ ಎಂದರೆ ಏನೆಂದು ಅವನಿಗೆ ತಿಳಿಯಿತು. ಅವನು ನಕ್ಕುಬಿಟ್ಟ.

"ನಮ್ಮವ್ರು, ಬಿಡ್ರಿ," ಅಂದರು ಸರೋಜಾ, ಅದೇ ದನಿಯಲ್ಲಿ.

ಬಿಟ್ಟ. ನನ್ನ ಕಾರ್ಡನ್ನು ತಾನೇ ಯಂತ್ರಕ್ಕೆ ಮುಟ್ಟಿಸಿ ಕೊಟ್ಟು ಇಳಿದುಹೋದ. ಸರೋಜಾ ಮತ್ತೆ ಬಾಗಿಲಿಗೆ ಹೋಗಿ ನಿಂತರು, ಆಮೇಲೆ ಅದರ ಮಾತೇ ಎತ್ತಲಿಲ್ಲ. ನನಗೆ ಅವರ ಕಡೆ ನೋಡಲಾಗಲಿಲ್ಲ. ಆಗಲೇ ಎಲ್ಲವನ್ನೂ ಹೇಳಿಬಿಡಬೇಕಿತ್ತು, ಮಾರ್ತಾಳಿಗೆ ಫೋನು ಮಾಡಿ ಆ ಸದ್ದು ಬೇಡ ಅನ್ನಬೇಕಿತ್ತು. ಗುಡ್ಡದ ತುದಿ ಮುಟ್ಟಿದ ಮೇಲೆ ಹೇಳೋಣ ಅಂದುಕೊಂಡೆ. ತುದಿಯಿಂದ ಸಮುದ್ರ ಬಹಳ ಚೆನ್ನಾಗಿ ಕಾಣುತ್ತಿತ್ತು, ಅವರು ಖುಷಿಯಲ್ಲಿದ್ದರು, ಇಳಿಯುವಾಗ ಹೇಳೋಣ ಅಂದುಕೊಂಡೆ.

ಚಿತ್ರಮಂದಿರ

ಮಂದಿರ ತುಂಬಿತ್ತು. ಅಲ್ಲಿಯ ಪ್ರೇಕ್ಷಕರು ಚಿತ್ರ ನಡೆಯುವಾಗ ಕೆಮ್ಮುವುದನ್ನೂ ತಡೆಹಿಡಿಯುತ್ತಾರೆ. ಸರೋಜಾ ಖಾಕಿ ಅಂಗಿಯಲ್ಲಿ ನನ್ನ ಪಕ್ಕ ಕೂತು, ಪರದೆಯ ಮೇಲೆ ಪರಿಚಯದ ಪ್ರಯಾಣಿಕರು ಬಂದಾಗಲೆಲ್ಲ ಅವರ ಹೆಸರು ಹೇಳಿ ನಗುತ್ತಿದ್ದರು. ಗೇಟಿನ ದೃಶ್ಯಕ್ಕೆ ಜನ ಚಪ್ಪಾಳೆ ಹೊಡೆದರು. ಚಿತ್ರ ಮುಗಿಯಿತು, ಪರದೆ ಕಪ್ಪಾಯಿತು, ಅವರು ಏಳಲು ಹೊರಟರು. ಆಗ ಕತ್ತಲಲ್ಲಿ ಅವರದೇ ದನಿ ಬಂತು. ಯಲ್ಲಾಪುರ, ಉಪಳೇಶ್ವರ, ಮಂಚಿಕೇರಿ.

ಅವರು ಮತ್ತೆ ಕೂತರು. ಅವರ ಕೈ ಅಂಗಿಯ ಅಂಚಿಗೆ ಹೋಯಿತು, ಮೈಕು ಇರುತ್ತಿದ್ದ ಜಾಗಕ್ಕೆ. ಅಲ್ಲಿ ಕೂತಿದ್ದಾರಲ್ಲ, ಅವ್ರು ನಮ್ಮವ್ರು. ಆ ಮಾತು ಬಂದಾಗ ಅವರು ಕತ್ತಲಲ್ಲಿ ನನ್ನ ಕಡೆ ತಿರುಗಿದರು. ನಾನು ಪರದೆ ನೋಡುತ್ತಾ ಕೂತೆ, ಪರದೆಯಲ್ಲಿ ನೋಡಲು ಅನುವಾದದ ಸಾಲು ಬಿಟ್ಟರೆ ಏನೂ ಇರಲಿಲ್ಲ.

ವೇದಿಕೆಗೆ ಕರೆದರು. ಸರೋಜಾ ಅವರ ಮಾತನ್ನು ಇಂಗ್ಲಿಷಿಗೆ ಹೇಳುವ ಕೆಲಸ ನನ್ನದೇ. ಮುಂದಿನ ಸಾಲಿನ ಯುವತಿಯೊಬ್ಬಳು, ಆ ಧ್ವನಿಯನ್ನು ಈಗ ಕೇಳಿ ನಿಮಗೆ ಏನನ್ನಿಸಿತು ಎಂದು ಅವರನ್ನು ಕೇಳಿದಳು. ನಾನು ಕನ್ನಡದಲ್ಲಿ ಹೇಳಿದೆ. ಸರೋಜಾ ಮೈಕು ಹಿಡಿದು, ಗದ್ದಲದ ಬಸ್ಸಿನಲ್ಲಿ ಅಲ್ಲ, ಮನೆಯೊಳಗೆ ಮಾತಾಡುವ ದನಿಯಲ್ಲಿ ಹೇಳಿದರು.

"ಇವ್ರು ಬ್ಯಾಗು ತರೂಕೆ ಹೋಗಿದ್ರು ಅಂತ ಮಾಡಿದ್ದೆ. ಕೇಳ್ತಾ ಕೂತಿದ್ರು ಅಂತ ಈಗ ಗೊತ್ತಾಯ್ತು."

ಎಲ್ಲರೂ ನನ್ನ ಬಾಯಿ ನೋಡಿದರು. ನಾನು ಇಂಗ್ಲಿಷಿನಲ್ಲಿ, ಅವರಿಗೆ ಆಗ ಬಹಳ ಭಯವಾಗಿತ್ತಂತೆ, ಈಗ ನಿಮ್ಮೆಲ್ಲರ ಪ್ರೀತಿ ಕಂಡು ಸಂತೋಷವಾಗಿದೆಯಂತೆ ಎಂದೆ. ಇದನ್ನು ಬರೆಯುವಾಗ ಪೆನ್ನು ಕೆಳಗಿಟ್ಟು ಅಂಗಳಕ್ಕೆ ಹೋಗಿ ಬಂದೆ. ಹೇಳುವಾಗ ಮಾತ್ರ ನಾಲಿಗೆ ತೊದಲಿರಲಿಲ್ಲ.

ಜಲಪಾತ ನೋಡಲು ಬಂದವರ ಜೊತೆ ದಿನವೂ ಮಾತಾಡಿ ಅಷ್ಟಿಷ್ಟು ಇಂಗ್ಲಿಷು ಕಲಿತವರು ಅವರು, ನನಗೆ ಅದು ಮರೆತೇಹೋಗಿತ್ತು. ಅವರು ತಲೆಯಾಡಿಸಿದರು.

"ನೋ. ಹಿ ಸ್ಯಾಟ್. ಹಿ ಹರ್ಡ್. ಹಿ ನಾಟ್ ಕಮ್."

ಎಲ್ಲರೂ ಎದ್ದು ನಿಂತು ಚಪ್ಪಾಳೆ ಹೊಡೆದರು. ಇದೂ ಚಿತ್ರದ ಭಾಗ, ನಾನೇ ಬೇಕೆಂದು ಹೀಗೆ ಜೋಡಿಸಿದ್ದು ಎಂದು ಅವರು ತಿಳಿದರು. ಹೊರಗೆ ಬಂದಾಗ ಮಾರ್ತಾ ನನ್ನ ಎರಡೂ ಕೈ ಹಿಡಿದು, ನಿರ್ದೇಶಕ ತನ್ನನ್ನೇ ಹೀಗೆ ಬಯಲಿಗೆ ನಿಲ್ಲಿಸಿಕೊಳ್ಳಲು ಎಂಥ ಧೈರ್ಯ ಬೇಕು ಅಂದಳು. ಅಲ್ಲ ಎನ್ನಬೇಕಿತ್ತು. ನಾನು ಥ್ಯಾಂಕ್ಸ್ ಅಂದೆ.

ಹೋಟೆಲಿಗೆ ನಡೆದು ಬರುವಾಗ, ತಪ್ಪಾಯಿತು ಎಂದು ಅವರಿಗೆ ಹೇಳಿದೆ. "ನಾಳೆ ಎಷ್ಟು ಹೊತ್ತಿಗೆ ಹೊರಡೂದು?" ಎಂದು ಕೇಳಿದರು. ಹೇಳಿದೆ. ಕೋಣೆಯ ಬಾಗಿಲು ಹಾಕಿಕೊಂಡರು. ನಾನು ಕುಣಿಸುವುದಿಲ್ಲ ಎಂದು ಮಾತು ಕೊಟ್ಟಿದ್ದೆ. ಢಮಾಮಿ ಒಂದನ್ನು ಬಿಟ್ಟು ಉಳಿದೆಲ್ಲ ಸರಂಜಾಮು ಹೊಂದಿಸಿ ಅವರನ್ನು ಕುಣಿಸಿಬಿಟ್ಟಿದ್ದೆ.

ನಮ್ಮ ದೇಶದ ಕೌಂಟರು

ವಾಪಸು ಬರುವಾಗ ಸರೋಜಾ ಕಿಟಕಿ ಸೀಟು ಕೇಳಿ ಪಡೆದು, ದಾರಿಯುದ್ದಕ್ಕೂ ಆಚೆಯೇ ನೋಡಿದರು. ಊಟ ಬಂದಾಗ ನಾನು ಹೂಂ ಅಂದೆ, ತಿನ್ನಲಾಗಲಿಲ್ಲ.

ನಮ್ಮ ದೇಶದ ನಿಲ್ದಾಣದಲ್ಲಿ ಇಳಿದು ಪಾಸ್‌ಪೋರ್ಟಿನ ಸಾಲಿಗೆ ನಡೆದೆವು. ಸಾಲು ನೋಡಿಕೊಳ್ಳುವವನು ಸರೋಜಾ ಅವರನ್ನು ಒಂದು ಮಾತೂ ಕೇಳದೆ ಕೈ ಬೀಸಿ ವಿದೇಶಿಯರ ಸಾಲಿಗೆ ಕಳಿಸಿದ. ಆ ದೇಶದ ಹೆಸರು ಬರೆಯದಿರಲು ಇದೂ ಒಂದು ಕಾರಣ. ಈ ಸಲ ನಾನು ಕೂರಲಿಲ್ಲ. ಹಗ್ಗ ಎತ್ತಿ, ಹಳದಿ ಗೆರೆ ತುಳಿದು, ಚೀಲವನ್ನು ಒಬ್ಬರ ತಲೆಗೆ ತಾಗಿಸಿ ಓಡಿ ಆ ಕೌಂಟರು ತಲಪಿ, ಇವರು ನಮ್ಮವರು, ನಮ್ಮವರು ಎಂದು ಏದುಸಿರು ಬಿಟ್ಟೆ.

ಅಲ್ಲಿ ಯಾವ ತಕರಾರೂ ಉಳಿದಿರಲಿಲ್ಲ. ಕೌಂಟರಿನಲ್ಲಿದ್ದವನು ಹಾವೇರಿ ಕಡೆಯವನು. ಸರೋಜಾ ಬಾಯಿ ತೆರೆದ ಕೂಡಲೇ ಅವನ ಗಂಟುಮುಖ ಸಡಿಲಾಗಿ, ಇಬ್ಬರೂ ಯಲ್ಲಾಪುರ ಘಟ್ಟದ ರಸ್ತೆ ಯಾವಾಗ ರಿಪೇರಿಯಾಗುತ್ತದೆ ಎಂದು ಮಾತಾಡುತ್ತಾ ಇದ್ದರು. ಮುದ್ರೆಯೂ ಬಿದ್ದಾಗಿತ್ತು. ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿದ.

"ಗೆರೀ ದಾಟಿ ಯಾಕ ಬಂದ್ರಿ? ನೀವ್ಯಾರ್ರೀ ಇವ್ರಿಗೆ?"

ನಾನು ಬಾಯಿ ತೆರೆದೆ. ಸರೋಜಾ ಪಾಸ್‌ಪೋರ್ಟನ್ನು ಚೀಲಕ್ಕೆ ಹಾಕಿ ಝಿಪ್ಪು ಎಳೆದರು.

"ನನ್ನ ಬಸ್ಸಿನ ಪ್ಯಾಸೆಂಜರು," ಅಂದರು.

ಮತ್ತೆ ಯಲ್ಲಾಪುರ

ಊರಿಗೆ ಬಂದು ಕೆಲವು ದಿನ ಮನೆಯಿಂದ ಹೊರಗೆ ಬೀಳಲಿಲ್ಲ. ಸಿಕ್ಕವರೆಲ್ಲ ಚಪ್ಪಾಳೆಯ ಸುದ್ದಿ ಕೇಳಿದ್ದರು, ಸನ್ಮಾನ ಮಾಡುತ್ತೇವೆ ಅನ್ನುತ್ತಿದ್ದರು. ಒಂದು ಬೆಳಿಗ್ಗೆ ಯಲ್ಲಾಪುರಕ್ಕೆ ಹೋಗಿ ಅವರ ಬಸ್ಸು ಹತ್ತಿದೆ. ಕ್ಯಾಮೆರಾ ಒಯ್ದಿರಲಿಲ್ಲ.

"ಎಲ್ಲಿಗ್ರಿ?" ಎಂದು ಕೇಳಿದರು, ಎಲ್ಲರನ್ನೂ ಕೇಳುವ ಹಾಗೆ. ಶಿರಸಿ ಅಂದೆ. ಟಿಕೆಟು ಹರಿದು ಕೊಟ್ಟು ಮುಂದೆ ಹೋದರು. ಮಂಚಿಕೇರಿ ದಾಟಿ ಬಸ್ಸು ಖಾಲಿಯಾದ ಮೇಲೆ ನಾನೇ ಎದ್ದು ಅವರ ಸೀಟಿನ ಹತ್ತಿರ ಹೋದೆ. ಆ ಧ್ವನಿಯನ್ನು ಅಳಿಸಿಬಿಡುತ್ತೇನೆ, ನಿಮ್ಮ ಎದುರಿಗೇ ಅಳಿಸುತ್ತೇನೆ ಎಂದೆ.

ಸರೋಜಾ ಟಿಕೆಟ್ ಮಿಷನ್ನಿನಿಂದ ಕಣ್ಣೆತ್ತಲಿಲ್ಲ.

"ಅಳಿಸೂದು ಎಂತಕ್ಕೆ? ಇರ್ಲಿ. ನಾನು ಹೇಳಿದ್ದು ಖರೇನೇ ಅಲ್ಲವಾ. ಆದ್ರೆ ನೀವು ಕೂತಿದ್ದೂ ಅದ್ರಲ್ಲಿ ಇರ್ಬೇಕು."

ನನ್ನ ಚಿತ್ರ ಯಾರೂ ತೆಗೆದಿಲ್ಲವಲ್ಲ, ಆಗ ಅಲ್ಲಿ ಕ್ಯಾಮೆರಾದವನು ನಾನೊಬ್ಬನೇ ಎಂದೆ.

"ಹಂಗಾದ್ರೆ ಬರೀರಿ," ಅಂದರು. ಸೋಂದಾ ಕ್ರಾಸಿನಲ್ಲಿ ಕೈ ಮಾಡಿದವರಿಗಾಗಿ ಸೀಟಿ ಊದಿ ಬಸ್ಸು ನಿಲ್ಲಿಸಿ, ನನ್ನನ್ನು ಹಿಂದಕ್ಕೆ ಸರಿಯಲು ಹೇಳಿ, ಬಾಗಿಲಿಗೆ ಹೋದರು.

ಅದಕ್ಕಾಗಿ ಬರೆದಿದ್ದೇನೆ. ಬೆಂಚು ಬೂದುಬಣ್ಣದ್ದು, ಕಬ್ಬಿಣದ್ದು. ಕೌಂಟರಿನಿಂದ ಅಲ್ಲಿಗೆ ನಡುವೆ ಒಂದು ಗಾಜಿನ ಬಾಗಿಲು, ಅದು ತೆರೆದೇ ಇತ್ತು. ನಾನು ಕಾಲ ಮೇಲೆ ಕಾಲು ಹಾಕಿಕೊಂಡು ಕೂತಿದ್ದೆ. ಅವರು ನನ್ನ ಕಡೆ ಕೈ ತೋರಿಸಿದಾಗ, ದನಿ ಸರಿಯಾಗಿ ಬರುತ್ತಿದೆಯೋ ಇಲ್ಲವೋ ಎಂದು ತಲೆ ಬಗ್ಗಿಸಿ ಯಂತ್ರ ನೋಡುತ್ತಿದ್ದೆ. ದನಿ ಬಹಳ ಚೆನ್ನಾಗಿ ಬರುತ್ತಿತ್ತು.